ಗಾನದ ಮೂಲಪಾಠ

ಅಚ್ಚಿನ ಪ್ರತಿಯು ಎಷ್ಟೇ ಅಂದವಾಗಿದ್ದರೂ, ಪಾಠಶುದ್ಧಿಯನ್ನು ನಿರ್ಣಯಿಸಬೇಕಾದಾಗ ವಿದ್ವಾಂಸರು ಹಳೆಯ ಓಲೆಯ ಪ್ರತಿಯನ್ನೇ ಅರಸಿಕೊಂಡು ಹೋಗುವರಷ್ಟೆ. ಪಾಶ್ಚಾತ್ಯರ ರಾಕ್ ಸಂಗೀತಕ್ಕೂ ಈ ನ್ಯಾಯವು ಸಲ್ಲುವುದೆಂದರೆ ವಾಚಕರು ನಕ್ಕಾರು. ಆದರೂ ಸಂಗತಿ ನಿಜ.

ಆ ಸಂಗೀತದ ಅಭಿಮಾನಿಗಳು ಐವತ್ತು ವರ್ಷಗಳ ಹಿಂದಿನ ವಿನೈಲ್ ತಟ್ಟೆಗಳನ್ನು ತೊಳೆದು, ಒಳ್ಳೆಯ ಯಂತ್ರದ ಮೇಲೆ ತಿರುಗಿಸಿ, ಹೊರಟ ನಾದವನ್ನು ಸೆಕೆಂಡಿಗೆ 96,000 ಸಲ ಅಳೆದು, ಒಂದೊಂದು ಅಳತೆಯನ್ನೂ 24 ಬಿಟ್ಟುಗಳಲ್ಲಿ ಗಣಕಯಂತ್ರದಲ್ಲಿ ಬರೆದಿಡುತ್ತಾರೆ. 1982ರಲ್ಲಿ ಬಂದ ಸಿ.ಡಿ.ಯ ಲೆಕ್ಕವಾದರೋ 44,100 ಸಲ, 16 ಬಿಟ್ಟು. ದೊಡ್ಡ ಸಂಖ್ಯೆಯಲ್ಲಿಯೇ ಮಾಧುರ್ಯವಿದೆಯೆಂದು ಹಲವರು ನಂಬುವರು. ಇದನ್ನು ನಾವು ಒಪ್ಪಲಾರೆವು. ಸೆಕೆಂಡಿಗೆ ಸುಮಾರು 20,000 ಕಂಪನಗಳಾಚೆಗೆ ಮನುಷ್ಯನ ಕಿವಿ ಏನನ್ನೂ ಕೇಳದು. ಅರುವತ್ತು ತುಂಬಿದ ನಮ್ಮಂಥವರಿಗೆ ಅಷ್ಟೂ ನಿಲುಕದು. ಅದಕ್ಕೆ ಸಿ.ಡಿ.ಯೇ ಸಾಕು.

ಹಾಗಾದರೆ ಆಕರ್ಷಣೆ ಯಾವುದರಲ್ಲಿ? ಪಾಠದಲ್ಲಿ. ತಟ್ಟೆಯ ಅಚ್ಚಿಗೆ ಗೆರೆ ಕೊರೆಯುವವನೂ ಒಬ್ಬ ಲಿಪಿಕಾರನೇ. ಲೆಡ್ ಜೆಪ್ಪೆಲಿನ್ ಎಂಬ ಇಂಗ್ಲಿಷ್ ಮೇಳದ ಎರಡನೆಯ ಆಲ್ಬಮ್ಮಿಗೆ 1969ರಲ್ಲಿ ಅಮೆರಿಕದಲ್ಲಿ ಗೆರೆ ಕೊರೆದವರು ಬಾಬ್ ಲಡ್ವಿಗ್. ಅವರ ಕೊರೆತದ ನಾದ ಬಹು ಗಟ್ಟಿ. ಅಗ್ಗದ ಯಂತ್ರಗಳಲ್ಲಿ ಮುಳ್ಳು ಗೆರೆಬಿಟ್ಟು ನೆಗೆಯಿತು. ಕಂಪನಿಯವರು ನಾದವನ್ನು ತಗ್ಗಿಸಿ ಬೇರೆ ಕೊರೆಯಿಸಿದರು. ಓಲೆಯ ಕೊನೆಯಲ್ಲಿ ಲಿಪಿಕಾರನ ಹೆಸರಿರುವಂತೆ, ಮೊದಲ ಪಾಠದ ತಟ್ಟೆಗಳಲ್ಲಿ ನಡುವಣ ಚೀಟಿಯ ಬಳಿ ‘ಆರ್.ಎಲ್.’ ಎಂಬ ಅಂಕಿತವುಂಟು. ಅಭಿಮಾನಿಗಳು ಅರಸುವುದು ಇದನ್ನೇ.

ಇನ್ನು 1990ರ ದಶಕದಿಂದೀಚೆಗೆ ಎಷ್ಟೋ ಹಳೆಯ ಆಲ್ಬಮ್ಮುಗಳ ಮರುಮುದ್ರಣದಲ್ಲಿ ಎಲ್ಲವನ್ನೂ ಗಟ್ಟಿಮಾಡುವ ಹಂಬಲದಿಂದ ಮೆಲುದನಿಗೂ ಏರುದನಿಗೂ ಇರುವ ಅಂತರವನ್ನು ಕುಗ್ಗಿಸಿದರು. ನಮ್ಮ ಹಳೆಯ ಶಿಷ್ಯನೊಬ್ಬನು ಒಂದೇ ಹಾಡಿನ ಎರಡು ಪಾಠಗಳನ್ನು ಸಮನಾದ ಗಟ್ಟಿಯಲ್ಲಿ ನಮಗೆ ಕೇಳಿಸಿದನು. ಆ ಸಂಗೀತದಲ್ಲಿ ನಮಗೆ ಪರಿಶ್ರಮವಿಲ್ಲ. ಆದರೂ ತಟ್ಟೆಯಿಂದ ಬಂದ ಪಾಠದಲ್ಲಿ ಭೇರಿಯ ಪೆಟ್ಟು ಎದೆಗೆ ತಾಗಿತು. ಹೊಸದರಲ್ಲಿ ಕಿವಿಗೆ ಮಾತ್ರ.

ಮುಳ್ಳು ಓಡಿದಷ್ಟೂ ಗೆರೆ ಸವೆಯುತ್ತದೆ. ಕೇಳುವುದೆಂದರೆ ಸ್ವಲ್ಪ ಸ್ವಲ್ಪವಾಗಿ ಅಳಿಸುವುದೂ ಹೌದು. ಆದುದರಿಂದ ಗೆರೆ ಗಟ್ಟಿಯಾಗಿರುವಾಗಲೇ ಎಚ್ಚರದಿಂದ ಒಮ್ಮೆ ಪ್ರತಿಮಾಡಿಕೊಳ್ಳುವುದು ಲೇಸು. ಆಗ ಚಿಟಿಚಿಟಿ ಸದ್ದನ್ನೆಲ್ಲ ಯಂತ್ರದಿಂದ ಒರಸಿಹಾಕುವ ಆಸೆ ಬರುವುದು ಸಹಜ. ಅದರೊಡನೆ ನಾದವೂ ಒಂದಿಷ್ಟು ಒರಸಿಹೋಗಬಹುದು. ಹುಳು ತಿಂದ ಅಕ್ಷರದ ಎಡೆಯನ್ನು ಬರಿದಾಗಿ ಬಿಟ್ಟ ಲಿಪಿಕಾರನಿಗೆ, ಅದನ್ನು ಊಹೆಯಿಂದ ತುಂಬಿದವನಿಗಿಂತ ನಾವು ಹೆಚ್ಚು ಋಣಿಗಳು.