ಚಾಂಪಿಯನ್ ರೀಫಿನ ಲೈನುಮನೆಗಳು

ಕೋಲಾರದ ಚಿನ್ನದ ಗಣಿಯ ಮಾತು ಬಂದಾಗ ಬಲ್ಲವರು ಮೊದಲು ಹೇಳುವುದು ಅದರ ಆಳವನ್ನು. ಚಾಂಪಿಯನ್ ರೀಫಿನಲ್ಲಿ ಅದು ಮೂರು ಕಿಲೋಮೀಟರನ್ನೂ ಮೀರಿತ್ತು. ಮೇಲೆ ಕಾರ್ಮಿಕರ ಸಾಲುಮನೆಗಳಾದ ಲೈನುಮನೆಗಳಲ್ಲಿ ವಾಸವಾಗಿದ್ದ ನಮಗೆ ಆ ಆಳದ ಅರಿವಾಗುತ್ತಿದ್ದುದು ರಾತ್ರಿಯ ವೇಳೆಯಲ್ಲಿ. ಭೂಗರ್ಭದಲ್ಲಿ ಬಂಡೆ ಸಿಡಿದು, ಅಟ್ಟದ ಪಾತ್ರೆಗಳು ಉರುಳಿ, ತಗಡಿನ ಮಾಡು ನಡುಗಿದೊಡನೆಯೇ, ಯಾರ ಮನೆಯವನು ಯಾವ ಪಾಳಿಗೆ ಇಳಿದಿರುವನೆಂದು ಮನಸ್ಸಿನಲ್ಲಿಯೇ ಲೆಕ್ಕ ಹಾಕುತ್ತ ಹೆಂಗಸರು ಗಣಿಗಿಳಿಯುವ ಶಾಫ್ಟಿನ ಬಳಿಗೆ ಧಾವಿಸುತ್ತಿದ್ದರು. ಆಳುಗಳನ್ನು ಹೊತ್ತ ಕೇಜು ಮೇಲೇರಿ ಬಂದು ತನ್ನವನ ಮುಖ ಕಾಣುವವರೆಗೆ ಒಬ್ಬಳೂ ಅಲ್ಲಿಂದ ಕದಲುತ್ತಿರಲಿಲ್ಲ.

ಗಣಿಯನ್ನು ನಡೆಸುತ್ತಿದ್ದ ಜಾನ್ ಟೇಲರ್ ಕಂಪನಿಯ ಕಾಲದಲ್ಲಿ ತಮಿಳು ಸೀಮೆಯ ಉತ್ತರ ಆರ್ಕಾಟಿನ ಕಡೆಯಿಂದ ಕೂಲಿಯನ್ನರಸಿ ಬಂದ ಬಡ ದಲಿತ ಕುಟುಂಬಗಳೇ ಈ ಊರನ್ನು ಕಟ್ಟಿದವು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಬೆಂಗಳೂರಿಗಿಂತ ಮೊದಲು ಇಲ್ಲಿಗೆ ಬಂದಿತು. ಬೇತಮಂಗಲದಿಂದ ಕುಡಿಯುವ ನೀರೂ ಬಂದಿತು. ಮನೆ, ದೀಪ, ನೀರು, ಔಷಧ, ಇವೆಲ್ಲವೂ ಗಣಿಯ ಕೈಯಿಂದಲೇ ದೊರೆಯುತ್ತಿದ್ದುದರಿಂದ, ಅದಿರಿನಲ್ಲಿ ಚಿನ್ನದ ಅಂಶ ಕುಗ್ಗಿ, ತೆಗೆಯುವ ವೆಚ್ಚ ಏರುತ್ತ ಹೋಗಿ, 2001ರ ಫೆಬ್ರವರಿ 28ರಂದು ಕೆಲಸ ನಿಂತಾಗ ನಿಂತುದು ಸಂಬಳವೊಂದೇ ಅಲ್ಲ. ಕೊಳಾಯಿ ಕೆಟ್ಟರೆ, ಮಾಡು ಸೋರಿದರೆ, ಯಾರ ಬಳಿ ಹೇಳಿಕೊಳ್ಳಬೇಕೆಂಬುದೇ ಜನಕ್ಕೆ ತೋಚದಂತಾಯಿತು.

ಪಂಪುಗಳು ನಿಂತುವು, ಸುರಂಗಗಳಲ್ಲಿ ನೀರು ತುಂಬಿತು. ಮೇಲೆ ಉಳಿದುದು, ಚಿನ್ನ ತೆಗೆದ ಅದಿರಿನ ಪುಡಿಯನ್ನು ಸುರಿದ ಸೈನೈಡ್ ಗುಡ್ಡಗಳು. ಆಷಾಢದ ಗಾಳಿ ಬೀಸತೊಡಗಿದರೆ ಅವುಗಳ ನುಣುಪಾದ ಧೂಳು, ಕಿಟಕಿಯನ್ನು ಮುಚ್ಚಿದ್ದರೂ ಸಂದಿಯಿಂದ ನುಗ್ಗಿ, ಒಗೆದ ಬಟ್ಟೆಯ ಮೇಲೆಯೂ ಬಡಿಸಿದ ಅನ್ನದ ಮೇಲೆಯೂ ಕೂರುವುದು. ಬಂಡೆಯ ಧೂಳನ್ನು ಕುಡಿದು ಶ್ವಾಸಕೋಶ ಕೆಡಿಸಿಕೊಂಡ ಹಿರಿಯರು ಇದನ್ನೂ ಉಸಿರಾಡಬೇಕಾಗಿ ಬಂದುದು ಘೋರವಾದ ಅನ್ಯಾಯವೆಂದೇ ನನ್ನ ಅಭಿಪ್ರಾಯ.

ಊರಿನಲ್ಲಿ ಕೆಲಸವಿಲ್ಲದೆ ಗಣಿಯವರ ಮಕ್ಕಳು ಬೆಂಗಳೂರನ್ನು ನೆಚ್ಚಿದರು. ಇನ್ನೂ ನಸುಕು ಹರಿಯುವ ಮುನ್ನವೇ ಮಾರಿಕುಪ್ಪಮ್ಮಿನಲ್ಲಿ ರೈಲು ಹತ್ತಿ, ಬುತ್ತಿಯ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಲ್ಲಿಯೇ ತೂಕಡಿಸುತ್ತ, ಕಾವಲಿಗೋ, ಗಾರ್ಮೆಂಟ್ಸ್ ಕಾರ್ಖಾನೆಗೋ, ಅಂಗಡಿಯ ಲೆಕ್ಕ ಬರೆಯುವುದಕ್ಕೋ ಹೋದವರು ಮನೆಗೆ ಮರಳುವ ಹೊತ್ತಿಗೆ ಕೂಸುಗಳು ನಿದ್ದೆಹೋಗಿರುತ್ತವೆ.

ಲಾಭವಿಲ್ಲದ ಗಣಿಯನ್ನು ಮುಚ್ಚಿದುದನ್ನು ನಾನು ಆಕ್ಷೇಪಿಸಲಾರೆ. ಆದರೆ ತಲೆಮಾರುಗಳ ದುಡಿಮೆಯನ್ನು ಪಡೆದ ಮೇಲೆ, ಆ ಗುಡ್ಡಗಳಿಗೆ ಹಸಿರು ಹೊದಿಸುವ, ಊರಿನಲ್ಲಿಯೇ ಉದ್ಯೋಗ ಕಲ್ಪಿಸುವ ಹೊಣೆ ಅಧಿಕಾರದಲ್ಲಿರುವವರದು; ಅದನ್ನು ಅವರು ಇನ್ನಾದರೂ ನೆರವೇರಿಸಬೇಕು.