ಬೆಕ್ಕಿನ ನೆಗಡಿಗೆ ನಮ್ಮ ಮಾತ್ರೆ ಬೇಡ

ಊರಿಗಾಂ ಲೈನ್ ಮನೆಗಳಲ್ಲಿ ಬೆಕ್ಕಿಲ್ಲದಿದ್ದರೆ ಹೆಗ್ಗಣಗಳದ್ದೇ ರಾಜ್ಯ. 2001ರಲ್ಲಿ ಗಣಿ ಮುಚ್ಚಿತು, ಹೆಗ್ಗಣ ಹೋಗಲಿಲ್ಲ. ನಮ್ಮ ಮನೆಯಲ್ಲೂ ಒಂದು ಬೂದು ಬೆಕ್ಕಿತ್ತು. ಹೋದ ವರ್ಷ ಚಳಿಗೆ ಅದಕ್ಕೆ ಸೀನು ಹತ್ತಿತು, ಮೂಗು ಕಟ್ಟಿತು. ಮಕ್ಕಳಿಗೆ ಕೊಡುವ ಹಾಗೆ ಕಾಲು ಪ್ಯಾರಾಸಿಟಮಾಲ್ ಅರೆದು ಹಾಲಿನಲ್ಲಿ ಕುಡಿಸಿದೆವು. ಸಂಜೆಗೆ ಮುಖ ಊದಿತು, ಒಸಡು ಕಂದು ಬಣ್ಣಕ್ಕೆ ತಿರುಗಿತು. ಬಂಗಾರಪೇಟೆ ತಲುಪುವಷ್ಟರಲ್ಲಿ ಉಸಿರಿರಲಿಲ್ಲ.

ಡಾಕ್ಟರು ಬೈಯಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು. ಆ ಮಾತ್ರೆಯನ್ನು ಅರಗಿಸಿ ಹೊರಹಾಕುವ ಶಕ್ತಿ ಬೆಕ್ಕಿನ ಲಿವರ್‌ಗೆ ತೀರಾ ಕಡಿಮೆಯಂತೆ. ರಕ್ತ ಕೆಟ್ಟು ಆಮ್ಲಜನಕ ಹೊರಲಾರದೆ ಹೋಗುತ್ತದೆ. ನುಂಗಿದ ಕೂಡಲೇ ತಂದರೆ ಮದ್ದುಂಟು. ನಾವು ಸಂಜೆವರೆಗೆ ಕಾದಿದ್ದೆವು.

ಈ ಸಲ ಅದರ ಮರಿಗೆ ನೆಗಡಿ. ಮಾತ್ರೆ ಡಬ್ಬಿ ಮುಟ್ಟಲಿಲ್ಲ. ಬಿಸಿನೀರಿನಲ್ಲಿ ಅದ್ದಿ ಹಿಂಡಿದ ಹತ್ತಿಯಿಂದ ಮೂಗು, ಕಣ್ಣು ಒರೆಸಿದೆವು. ಬಚ್ಚಲುಮನೆಯಲ್ಲಿ ಬಿಸಿನೀರು ಸುರಿದು, ಹಬೆ ತುಂಬಿದ ಮೇಲೆ ಹತ್ತು ನಿಮಿಷ ಮಡಿಲಲ್ಲಿ ಕೂರಿಸಿಕೊಂಡೆವು. ಅಜ್ಜಿ ನೀಲಗಿರಿ ಎಣ್ಣೆ ತಂದರು, ಅದೂ ಬೆಕ್ಕಿಗೆ ವಿಷವೇ ಎಂದು ತಡೆದೆವು. ಮೂಗು ಕಟ್ಟಿದ ಬೆಕ್ಕಿಗೆ ವಾಸನೆ ಸಿಗದು, ವಾಸನೆ ಇಲ್ಲದೆ ಅದು ತಿನ್ನದು. ಉಪ್ಪು ಖಾರವಿಲ್ಲದೆ ಬೇಯಿಸಿದ ಮೀನನ್ನು ಮುಳ್ಳು ತೆಗೆದು ಬೆಚ್ಚಗೆ ಇಟ್ಟೆವು. ಮೂರನೇ ಸಲ ನೆಕ್ಕಿತು.

ಇದು ಹೆಚ್ಚಾಗಿ ವೈರಸ್‌ನಿಂದ ಬರುವುದು. ಬೆಕ್ಕಿನಿಂದ ಬೆಕ್ಕಿಗೆ ಹರಡುತ್ತದೆ, ನಮಗಲ್ಲ. ತಟ್ಟೆ ಬೇರೆ ಇಡಿ. ಒಂದು ದಿನ ಏನೂ ತಿನ್ನದಿದ್ದರೆ, ಬಾಯಿ ತೆರೆದು ಉಸಿರಾಡಿದರೆ ಕಾಯಬೇಡಿ. ಪಶು ಆಸ್ಪತ್ರೆಗೆ ಒಯ್ಯಿರಿ, ಇಲ್ಲವೇ 1962ಕ್ಕೆ ಫೋನ್ ಮಾಡಿ.