ತೇಲುವ ಕಾಡಿನ ಕುಣಿಯುವ ಜಿಂಕೆ

ಕಾಲಿಟ್ಟರೆ ನೆಲ ಮೆತ್ತಗೆ ತಗ್ಗುತ್ತದೆ, ಕಾಲೆತ್ತಿದರೆ ಮತ್ತೆ ಮೇಲೇಳುತ್ತದೆ. ಮಣಿಪುರದ ಲೋಕ್ತಕ್ ಸರೋವರದ ಆಗ್ನೇಯ ಅಂಚಿನಲ್ಲಿರುವ ಕೈಬುಲ್ ಲಾಮ್ಜಾವೊ ರಾಷ್ಟ್ರೀಯ ಉದ್ಯಾನದ ಸೋಜಿಗವಿದು. 40 ಚದರ ಕಿ.ಮೀ. ವಿಸ್ತಾರದ ಈ ಉದ್ಯಾನದ ಬಹುಭಾಗ ನೀರಿನ ಮೇಲೆ ತೇಲುತ್ತದೆ!

ಈ ತೇಲುವ ನೆಲವನ್ನು ಸ್ಥಳೀಯರು ‘ಫುಮ್ದಿ’ ಎನ್ನುತ್ತಾರೆ. ಹುಲ್ಲು, ಜೊಂಡು, ಬೇರು, ಕೊಳೆತ ಎಲೆ, ಮಣ್ಣು ಎಲ್ಲವೂ ವರ್ಷಗಟ್ಟಲೆ ಹೆಣೆದುಕೊಂಡು ಆದ ಚಾಪೆ ಅದು. ಕೆಲವೆಡೆ ಎರಡು ಮೀಟರ್‌ವರೆಗೂ ದಪ್ಪ. ಅದರಲ್ಲಿ ಸುಮಾರು ಐದನೇ ಒಂದು ಪಾಲು ಮಾತ್ರ ನೀರಿನ ಮೇಲೆ ಕಾಣುತ್ತದೆ.

ಸಂಗಾಯ್ ಜಿಂಕೆಯ ಮನೆಯೂ ಇದೇ. ಮೃಗಾಲಯಗಳನ್ನು ಬಿಟ್ಟರೆ ಜಗತ್ತಿನಲ್ಲಿ ಇನ್ನೆಲ್ಲೂ ಅದಿಲ್ಲ. ಮೆದುನೆಲದ ಮೇಲೆ ಅದು ಇಡುವ ನಾಜೂಕು ಹೆಜ್ಜೆ ನೋಡಿದವರು ‘ಕುಣಿಯುವ ಜಿಂಕೆ’ ಎಂದು ಕರೆದರು. 1951ರಲ್ಲಿ ಅದು ನಿರ್ನಾಮವಾಯಿತೆಂದೇ ಭಾವಿಸಲಾಗಿತ್ತು. ಎರಡು ವರ್ಷಗಳ ಬಳಿಕ ನಿಸರ್ಗತಜ್ಞ ಇ.ಪಿ. ಜೀ ಅದನ್ನು ಮತ್ತೆ ಪತ್ತೆಹಚ್ಚಿದರು. 1975ರ ಗಣತಿಯಲ್ಲಿ ಸಿಕ್ಕವು ಕೇವಲ 14. 1977ರಲ್ಲಿ ಈ ಪ್ರದೇಶ ರಾಷ್ಟ್ರೀಯ ಉದ್ಯಾನವಾಯಿತು. 2016ರ ಗಣತಿಯ ಹೊತ್ತಿಗೆ ಸಂಖ್ಯೆ 260ಕ್ಕೆ ಏರಿತ್ತು.

ಇಂಫಾಲದಿಂದ ಇಲ್ಲಿಗೆ ಸುಮಾರು 50 ಕಿ.ಮೀ. ಚಳಿಗಾಲದ ಮುಂಜಾನೆ ಗುಡ್ಡದ ಮೇಲಿನ ವೀಕ್ಷಣಾ ಗೋಪುರದಲ್ಲಿ ತಾಳ್ಮೆಯಿಂದ ಕಾದರೆ, ಜೊಂಡಿನ ನಡುವೆ ಮೇಯುವ ಜಿಂಕೆಗಳು ಕಂಡಾವು. ಮಣಿಪುರ ಪ್ರವೇಶಕ್ಕೆ ‘ಇನ್ನರ್ ಲೈನ್ ಪರ್ಮಿಟ್’ ಬೇಕು. 2023ರಲ್ಲಿ ರಾಜ್ಯದಲ್ಲಿ ಭೀಕರ ಗಲಭೆ ನಡೆದುದರಿಂದ, ಪರಿಸ್ಥಿತಿ ವಿಚಾರಿಸಿಯೇ ಹೊರಡುವುದು ಒಳಿತು.

ಗಣತಿಯ ಲೆಕ್ಕ ನೋಡಿ ನಿಶ್ಚಿಂತರಾಗುವಂತಿಲ್ಲ. ಹಿಂದೆ ಬೇಸಗೆಯಲ್ಲಿ ನೀರಿಳಿದಾಗ ಫುಮ್ದಿ ಸರೋವರದ ತಳಕ್ಕೆ ಇಳಿದು ಕೂರುತ್ತಿತ್ತು. ಆಗ ಗಿಡಗಳ ಬೇರು ಮಣ್ಣಿನ ಸಾರ ಹೀರಿ ಪುಷ್ಟಿಗೊಳ್ಳುತ್ತಿದ್ದವು. ಮಳೆ ಬಂದೊಡನೆ ಚಾಪೆ ಮತ್ತೆ ತೇಲುತ್ತಿತ್ತು. 1983ರಲ್ಲಿ ಜಲವಿದ್ಯುತ್ತಿಗಾಗಿ ಇಥಾಯ್ ಬ್ಯಾರೇಜ್ ಕಾರ್ಯಾರಂಭ ಮಾಡಿದ ಮೇಲೆ ವರ್ಷವಿಡೀ ನೀರು ಎತ್ತರದಲ್ಲೇ ನಿಂತಿತು. ದಡದ ರೈತರ ಗದ್ದೆಗಳು ಮುಳುಗಿದವು. ತಳ ಮುಟ್ಟದ ಫುಮ್ದಿ ಸೊರಗಿ ತೆಳುವಾಗತೊಡಗಿತು. ತೆಳುವಾದ ಚಾಪೆ ಜಿಂಕೆಯ ಭಾರ ತಾಳೀತೇ? 1990ರಲ್ಲಿ ರಾಮ್‌ಸಾರ್ ಒಪ್ಪಂದದ ಮನ್ನಣೆ ಪಡೆದ ಲೋಕ್ತಕ್, 1993ರಲ್ಲೇ ಅಪಾಯದಲ್ಲಿರುವ ಜೌಗುಪ್ರದೇಶಗಳ ಪಟ್ಟಿಗೂ ಸೇರಿತು.

ಬೇಟೆಗಾರನನ್ನು ಕಾವಲುಗಾರ ತಡೆಯಬಲ್ಲ. ಆದರೆ ಕಾಲಡಿಯ ನೆಲವೇ ಕರಗುವುದನ್ನು ಆತ ತಡೆಯಲಾರ. ಅದಕ್ಕೆ ನೀರು ಹಿಂದಿನಂತೆ ಏರಿ ಇಳಿಯಬೇಕು. ವಿದ್ಯುತ್ತೂ ಬೇಕು, ಜಿಂಕೆಯೂ ಬೇಕು ಎನ್ನುವ ನಾಡು, ಬೇಸಗೆಯ ಕೆಲವು ವಾರಗಳನ್ನಾದರೂ ಸರೋವರಕ್ಕೆ ಬಿಟ್ಟುಕೊಡಬೇಕಾಗಿದೆ.